ತಾಳೆಮಟ್ಟೆಯ ಕುದುರೆ, ಪ್ಲಾಸ್ಟಿಕ್ ಕುರ್ಚಿ

ಬೆಳಕು ಹರಿಯುವ ಮೊದಲು ಆವುಡೈ ಅಕ್ಕ ಮಾಡಿ ಮುಗಿಸುತ್ತಿದ್ದ ಕೆಲಸಗಳು ಇವು. ಬಾಗಿಲ ಮುಂದೆ ಗುಡಿಸಿ, ನೀರು ಚಿಮುಕಿಸಿ, ರಂಗೋಲಿ ಹಾಕುವುದು. ಬೀದಿ ನಲ್ಲಿಯ ಹತ್ತಿರ ಕೊಡಗಳನ್ನು ಸಾಲಿಗೆ ನಿಲ್ಲಿಸುವುದು, ತುಂಬಿದ ಮೇಲೆ ಸೊಂಟಕ್ಕೊಂದು ಕೈಗೊಂದು ಹೊತ್ತು ತರುವುದು. ತಾಳೆಬೆಲ್ಲದ ಕಾಫಿ ಕಾಯಿಸಿ ಗಂಡನಿಗೆ ಕೊಡುವುದು, ಅದೇ ಪುಡಿಗೆ ಇನ್ನೊಂದು ಸಲ ನೀರು ಹಾಕಿ ತಾನು ಕುಡಿಯುವುದು. ಗಂಡ ಗಂಟಲು ತೊಳೆಯಲು ಉಪ್ಪು ಹಾಕಿದ ಬಿಸಿನೀರು ಇಡುವುದು, ಏಕೆಂದರೆ ಆ ಗಂಟಲು ತಮಿಳಿನ ಆಸ್ತಿ. ಅವರ ಕನ್ನಡಕ ಹುಡುಕುವುದು. ಅದು ಹೆಚ್ಚಾಗಿ ಅವರ ಹಣೆಯ ಮೇಲೇ ಇರುತ್ತಿತ್ತು, ಆದರೂ ಹುಡುಕುವ ಕೆಲಸ ಅವಳದು. ಸನ್ಮಾನದಲ್ಲಿ ಬಂದ ಜರಿ ಶಾಲುಗಳನ್ನು ಗಾಳಿಗೆ ಹಾಕುವುದು, ಇಲ್ಲದಿದ್ದರೆ ಜಿರಳೆ ತಿನ್ನುತ್ತದೆ. ಹುಣ್ಣಿಮೆಯ ದಿನವಾದರೆ ಇದೆಲ್ಲದರ ಜೊತೆಗೆ ನೆನೆದ ಉದ್ದು ರುಬ್ಬುವುದು, ತೆಂಗಿನಕಾಯಿ ತುರಿಯುವುದು, ಪಕ್ಕದ ಮನೆಯಿಂದ ದೊಡ್ಡ ಬಾಣಲೆ ಇಸಿದುಕೊಂಡು ಬರುವುದು.

ಹುಣ್ಣಿಮೆಯ ದಿನ ಅವರ ಮನೆಯಲ್ಲಿ ಪ್ರೇಮದ ಸಭೆ.

ಗಂಡ ಪುಲವರ್ ನಲ್ಲಪೆರುಮಾಳ್, ತಿರುನೆಲ್ವೇಲಿ ಸೀಮೆಯ ನಮ್ಮ ಮೇಲಕುಳಂ ಊರಿನ ನಿವೃತ್ತ ತಮಿಳು ಮೇಷ್ಟ್ರು. ಪುಲವರ್ ಅನ್ನುವುದು ತಮಿಳು ಪಂಡಿತರಿಗೆ ಕೊಡುವ ಬಿರುದು. ನಿವೃತ್ತಿಗಿಂತ ಎಷ್ಟೋ ಮೊದಲೇ ಅವರು ಕಾದಲ್ ತಮಿಳ್ ಮನ್ರ ಎಂದು ಒಂದು ಕೂಟ ಕಟ್ಟಿದ್ದರು. ಕಾದಲ್ ಎಂದರೆ ಪ್ರೇಮ. ನಮ್ಮ ಕಡೆ ಪ್ರೇಮ ಅಂದರೆ ಸುಮ್ಮನೆ ಅಲ್ಲ, ಅದಕ್ಕೆ ಎರಡು ಸಾವಿರ ವರ್ಷದ ವ್ಯಾಕರಣವಿದೆ. ಬೆಟ್ಟದಲ್ಲಿ ಕೂಡುವುದು, ಕಾಡಿನಲ್ಲಿ ಕಾಯುವುದು, ಗದ್ದೆಬಯಲಲ್ಲಿ ಮುನಿಯುವುದು, ಕಡಲ ದಂಡೆಯಲ್ಲಿ ಕೊರಗುವುದು, ಬರಡು ನೆಲದಲ್ಲಿ ಅಗಲುವುದು. ಯಾರು ಎಲ್ಲಿ ಯಾವಾಗ ಅಳಬೇಕು, ಯಾವ ಹೂ ಅರಳಿದ್ದಾಗ ಅಳಬೇಕು, ಎಲ್ಲ ಗೊತ್ತುಮಾಡಿಟ್ಟಿದ್ದಾರೆ. ಮದುವೆಯ ಕರೆಯೋಲೆಯಲ್ಲಿ ಒಂದು ಸಾಲು, ಆಟೋದ ಬೆನ್ನಿಗೆ ಒಂದು ಸಾಲು, ಚುನಾವಣೆ ವೇದಿಕೆಯಲ್ಲೂ ಒಂದು ಸಾಲು ಆ ಹಳೆಯ ಪ್ರೇಮದಿಂದ ಬಾರದಿದ್ದರೆ ನಮ್ಮಲ್ಲಿ ಕೆಲಸ ಕೆಡುತ್ತದೆ. ಮನೆಯಲ್ಲಿ ಮಾತ್ರ ಅದರ ಬಳಕೆ ಕಡಿಮೆ. ಕೂಟದ ಖಜಾಂಚಿ ಗೊಬ್ಬರದಂಗಡಿ ಶಂಕರಲಿಂಗಂ ಅಣ್ಣಾಚ್ಚಿ, ಪ್ರಿಯಕರನ ಕೈಹಿಡಿದು ಸುಡುವ ನೆಲ ದಾಟಿ ಹೋದ ಹಳೆಯ ಕಾಲದ ಹುಡುಗಿಯ ಬಗ್ಗೆ ಮಾತಾಡುವಾಗ ಪ್ರತಿಸಲ ಕಣ್ಣೊರೆಸಿಕೊಳ್ಳುತ್ತಾರೆ. ಅವರ ಸ್ವಂತ ಮಗಳು ಮೊಬೈಲ್ ಅಂಗಡಿಯ ಹುಡುಗನ ಜೊತೆ ಮಿನಿ ಬಸ್ ಹತ್ತಿ ಹೋದವಳು ಇನ್ನೂ ತೌರಿನ ಹೊಸಿಲು ತುಳಿದಿಲ್ಲ.

ಈ ಸಭೆಯನ್ನೆಲ್ಲ ಆವುಡೈ ಅಕ್ಕ ಕೇಳಿದ್ದು ಅರ್ಧರ್ಧ. ವಡೆಯ ತಟ್ಟೆ ಹಿಡಿದು ಹಜಾರಕ್ಕೆ ಬಂದಾಗ ಯಾರೋ ಒಬ್ಬ ನಾಯಕ ನಾಯಕಿಯನ್ನು ಬಿಟ್ಟು ಹೊರಟಿರುತ್ತಿದ್ದ. ಅವಳು ಚಟ್ನಿ ತರಲು ಒಳಗೆ ಹೋಗುತ್ತಿದ್ದಳು. ಒಗ್ಗರಣೆಗೆ ಸಾಸಿವೆ ಸಿಡಿಯುವ ಸದ್ದಿನಲ್ಲಿ ಅವನ ಮುಂದಿನ ಕಥೆ ಮುಳುಗಿಹೋಗುತ್ತಿತ್ತು. ಚಟ್ನಿ ಹಿಡಿದು ಬರುವಷ್ಟರಲ್ಲಿ ಬೇರೆಯೇ ನಾಯಕಿ ಬೇರೆಯೇ ಕಡಲ ದಂಡೆಯಲ್ಲಿ ಅಳುತ್ತಿದ್ದಳು. ಹೀಗೆ ಮದುವೆಯಾದಾಗಿನಿಂದ ಆವುಡೈ ಅಕ್ಕನ ತಲೆಯೊಳಗೆ ಮನೆ ಬಿಟ್ಟು ಹೋದ ಗಂಡಸರ ದೊಡ್ಡ ಗುಂಪೇ ಸೇರಿಕೊಂಡಿತ್ತು, ಒಬ್ಬನೂ ಮರಳಿರಲಿಲ್ಲ.

ಪಂಗುನಿ ತಿಂಗಳ ಹುಣ್ಣಿಮೆಯ ಸಭೆಯಲ್ಲಿ ವಿಷಯ, ಪ್ರೇಮದಲ್ಲಿ ಹೆಚ್ಚು ಕಷ್ಟ ಯಾರದು, ಹೋದವನದೋ ಕಾಯುವವಳದೋ ಎಂಬುದು. ಹೋದವನದೇ ಎಂದು ಎಲ್ಲರೂ ಒಪ್ಪಿಕೊಂಡಾಗಿತ್ತು. ಪುಲವರು ಮುಕ್ತಾಯದ ಮಾತಿಗೆ ಎದ್ದಿದ್ದರು. ಮಳೆಗಾಲಕ್ಕೆ ಬರುತ್ತೇನೆ ಎಂದು ನಾಯಕ ಹೋದ, ಮಳೆ ಬಂತು, ಕಾಡುಮಲ್ಲಿಗೆ ಬಿರಿಯಿತು, ಅವಳ ಕೈಬಳೆ ಸಡಿಲವಾಗಿ ಜಾರಿತು, ಗೆಳತಿ ಹಾದಿ ನೋಡುತ್ತ ನಿಂತಳು ಎಂದು ಹೇಳಿ ಅವರು ಉಸಿರೆಳೆದುಕೊಂಡರು. ಆವುಡೈ ಅಕ್ಕ ತಟ್ಟೆ ಹಿಡಿದು ಅಲ್ಲೇ ನಿಂತುಬಿಟ್ಟಳು.

ಪುಲವರು ಅವಳತ್ತ ನೋಡಿದರು. "ಆವುಡೈ, ಚಟ್ನಿ."

"ಅವನು ಬಂದ್ನಾ?" ಎಂದಳು ಅಕ್ಕ.

"ಯಾರು?"

"ಅದೇ, ಮಳೆಗಾಲಕ್ಕೆ ಬರ್ತೀನಿ ಅಂದೋನು."

ಸಭೆ ನಕ್ಕಿತು. ಪುಲವರೂ ನಕ್ಕರು. "ಮೊದಲು ಚಟ್ನಿ ಬರಲಿ, ಅವನು ಆಮೇಲೆ ಬರ್ತಾನೆ."

ಆವುಡೈ ಅಕ್ಕ ವಡೆಯ ತಟ್ಟೆಯನ್ನು ಶಂಕರಲಿಂಗಂ ಅಣ್ಣಾಚ್ಚಿಯ ಮಡಿಲಲ್ಲಿಟ್ಟಳು. ಚಪ್ಪಲಿ ಮೆಟ್ಟಿಕೊಂಡು ಎದುರುಮನೆಗೆ ಹೋದಳು. ಅದು ಪುಲವರ ಸ್ವಂತ ಅಕ್ಕ, ವಿಧವೆ ಇಸಕ್ಕಿಯಮ್ಮನ ಮನೆ. ಇಸಕ್ಕಿಯಮ್ಮ ಹೊಲಿಗೆ ಯಂತ್ರದ ಮುಂದೆ ಕೂತು ಯಾರದೋ ರವಿಕೆಗೆ ತೋಳು ಕೂಡಿಸುತ್ತಿದ್ದಳು.

"ಅತ್ತಿಗೆ, ಇವತ್ತಿಂದ ಇಲ್ಲೇ ಮಲಗ್ತೀನಿ."

"ಮಲಗು. ಚಾಪೆ ಅಟ್ಟದ ಮೇಲಿದೆ. ಏನಾಯ್ತು?"

"ಮುಂದಿನ ತಿಂಗಳು ಚಿತ್ತಿರೈ ಹುಣ್ಣಿಮೆ, ವರ್ಷದ ದೊಡ್ಡ ಸಭೆ. ಆ ಸಭೇಲಿ ನಾನೂ ಕುರ್ಚಿ ಹಾಕ್ಕೊಂಡು ಕೂತು, ಮೊದಲಿಂದ ಕೊನೇವರೆಗೂ ಕೇಳ್ಬೇಕು. ವಡೆ ಅವರೇ ಕರೀಲಿ. ಒಪ್ಪೋವರೆಗೂ ಆ ಒಲೆ ಹಚ್ಚೋದಿಲ್ಲ."

ಇಸಕ್ಕಿಯಮ್ಮ ಹಲ್ಲಲ್ಲಿ ದಾರ ಕತ್ತರಿಸಿದಳು. "ನನ್ನ ತಮ್ಮಂಗೆ ಹೇಳಿದ್ಯಾ?"

"ಹೇಳೋಕೆ ಹೋದ್ರೆ ಚಟ್ನಿ ಕೇಳ್ತಾರೆ."

ಹಾಗಾಗಿ ಹೇಳಿದ್ದು ಇಸಕ್ಕಿಯಮ್ಮ. ಮರುದಿನ ಬೆಳಿಗ್ಗೆ ಬೀದಿಗೆಲ್ಲ ಕೇಳುವಂತೆ ಹೇಳಿದಳು. ಪುಲವರು ಜಗಲಿಯಲ್ಲಿ ನಿಂತು ಪೂರ್ತಿ ಕೇಳಿಸಿಕೊಂಡರು. ಅವರಿಗೆ ಸಿಟ್ಟು ಬರಲಿಲ್ಲ. ಮುಖದ ಮೇಲೆ, ಕಳೆದುಹೋದ ಓಲೆಗರಿ ಅಟ್ಟದಲ್ಲಿ ಸಿಕ್ಕಿದವರಿಗೆ ಬರುವಂಥ ಕಳೆ ಬಂತು.

"ಊಡಲ್," ಎಂದರು ಮೆಲ್ಲಗೆ. "ಪ್ರಣಯದ ಮುನಿಸು. ನಮ್ಮನೇಲಿ, ಈ ವಯಸ್ಸಲ್ಲಿ."

ಒಬ್ಬ ಹೆಂಗಸು ಕೆಲಸ ನಿಲ್ಲಿಸಿದ್ದಾಳೆ ಎಂದು ಗಾರೆಯವನಿಗೂ ಬಸ್ಸಿನ ಕಂಡಕ್ಟರನಿಗೂ ಅರ್ಥವಾಗುತ್ತಿತ್ತು. ಜೀವನವಿಡೀ ಪ್ರೇಮಕಾವ್ಯ ಓದಿದವರಿಗೆ ಮಾತ್ರ ಇಂಥ ತಪ್ಪು ಸಾಧ್ಯ. ಪುಲವರು ಅದೇ ಸಂಜೆ ಕೂಟದವರನ್ನು ಜಗಲಿಯ ಮೇಲೆ ಸೇರಿಸಿ, ಇದು ಗದ್ದೆಬಯಲಿನ ಪ್ರೇಮಕ್ಕೆ ಸೇರಿದ್ದು, ಗಂಡ ಬಾಗಿಲಿಗೆ ಬರುತ್ತಾನೆ, ಹೆಂಡತಿ ಬಾಗಿಲು ಹಾಕಿಕೊಳ್ಳುತ್ತಾಳೆ, ನಡುವೆ ಗೆಳತಿ ನಿಂತು ಬೈಯುತ್ತಾಳೆ, ಎಲ್ಲ ಸರಿಯಾಗಿ ಕೂತಿದೆ ಎಂದು ವಿವರಿಸಿದರು.

"ಆದ್ರೆ ಅಯ್ಯಾ," ಎಂದರು ಶಂಕರಲಿಂಗಂ ಅಣ್ಣಾಚ್ಚಿ, "ಆ ಮುನಿಸಿಗೆ ಗಂಡ ಇನ್ನೊಬ್ಬಳ ಮನೆಗೆ ಹೋಗಿರಬೇಕಲ್ಲ. ನೀವು..."

ಎಲ್ಲರೂ ನೆಲ ನೋಡಿದರು. ಪುಲವರು ಬೆವರೊರೆಸಿಕೊಂಡರು. ಕೊನೆಗೆ ಶಂಕರಲಿಂಗಂ ಅವರೇ ದಾರಿ ತೋರಿಸಿದರು. "ಗೊತ್ತಾಯ್ತು. ಅಯ್ಯಾ ಮೋಹಿಸಿದ ಇನ್ನೊಬ್ಬಳು ತಮಿಳು ತಾಯಿ."

"ತಾಯಿನ ಯಾಕೋ ಎಳೀತೀಯ ಇದಕ್ಕೆ?" ಎಂದು ಎದುರುಮನೆ ಕಿಟಕಿಯಿಂದ ಇಸಕ್ಕಿಯಮ್ಮನ ದನಿ ಬಂತು.

ಮುನಿಸು ಎಂದಾದ ಮೇಲೆ ಅದಕ್ಕೆ ದೂತರನ್ನು ಕಳಿಸಬೇಕು, ಅದೂ ಪದ್ಧತಿ. ಹಳೆಯ ಕಾಲದ ನಾಯಕರು ಹಾಡುಗಾರನನ್ನು ಕಳಿಸುತ್ತಿದ್ದರು. ಪುಲವರು ಗುಡಿಯ ನಾಗಸ್ವರದವನನ್ನು ಕಳಿಸಿದರು. ಅವನು ಬಾಗಿಲಲ್ಲಿ ಒಂದು ಸಣ್ಣ ರಾಗ ನುಡಿಸಿ, ಇಸಕ್ಕಿಯಮ್ಮ ಹಾಕಿದ ದೋಸೆ ತಿಂದು, ಇನ್ನೊಂದು ರಾಗ ನುಡಿಸಿ, ಇನ್ನೊಂದು ದೋಸೆ ತಿಂದು, ಸಂದೇಶ ಮರೆತು ಮನೆಗೆ ಹೋದ. ಆಮೇಲೆ ಗಿಳಿಯನ್ನು ಕಳಿಸಿದರು. ಕಾವ್ಯದಲ್ಲಿ ಗಿಳಿ ತಾನೇ ಹಾರಿಹೋಗುತ್ತದೆ. ನಮ್ಮ ಬೀದಿಯಲ್ಲಿ ಅದನ್ನು ಗಿಳಿಶಾಸ್ತ್ರದವನು ಪಂಜರದಲ್ಲಿಟ್ಟುಕೊಂಡು ಬಂದ. ಪಂಜರದ ಬಾಗಿಲು ತೆಗೆದು, "ಪುಲವರ ಮನಸ್ಸಲ್ಲಿರೋದನ್ನ ಅಮ್ಮಂಗೆ ತೋರಿಸು ರಾಜಾ," ಎಂದ. ಗಿಳಿ ಠೀವಿಯಿಂದ ನಡೆದು ಬಂದು, ಒಂದು ಚೀಟಿ ಎಳೆದು ಆವುಡೈ ಅಕ್ಕನ ಕಾಲ ಬಳಿ ಹಾಕಿತು. ಇಬ್ಬರು ಹೆಂಡಿರ ನಡುವೆ ನಿಂತ ಮುರುಗನ್ ಚಿತ್ರ.

ಇಸಕ್ಕಿಯಮ್ಮ ನಕ್ಕ ನಗುವಿಗೆ ಹೊಲಿಗೆ ಯಂತ್ರದ ಸೂಜಿ ಮುರಿಯಿತು.

ಯಾವ ದೂತ ಬಂದರೂ ಸಂದೇಶದ ಮೊದಲ ಭಾಗ ಚಂದ್ರನ ಬಗ್ಗೆ ಇರುತ್ತಿತ್ತು, ಕೊನೆಯ ಭಾಗ ಸಾಸಿವೆ ಡಬ್ಬಿ ಎಲ್ಲಿದೆ ಎಂದು ಇರುತ್ತಿತ್ತು. ಪುಲವರು ಅನ್ನಕ್ಕಿಟ್ಟ ಪಾತ್ರೆಯ ತಳ ಹತ್ತಿ ಅದೀಗ ಹಿತ್ತಿಲಲ್ಲಿ ನೀರು ತುಂಬಿ ಕೂತಿತ್ತು. ಎರಡನೆಯ ಪಾತ್ರೆಯೂ ಅದರ ಪಕ್ಕಕ್ಕೆ ಹೋಗಿ ಕೂತಿತು. ಅವರು ಚಹಾದಂಗಡಿಯ ಬನ್ನು, ಬಾಳೆಹಣ್ಣಿನ ಮೇಲೆ ಬದುಕಿದ್ದರು. ಕನ್ನಡಕ ಹಣೆಯ ಮೇಲಿದೆ ಎಂದು ಹೇಳುವವರಿಲ್ಲದೆ ಒಂದು ದಿನವೆಲ್ಲ ಓದಲಿಲ್ಲ.

ಈಚೆ ಮನೆಯಲ್ಲಿ ಆವುಡೈ ಅಕ್ಕ ಬೆಳಕಾದ ಮೇಲೆ ಏಳುವುದನ್ನು ಕಲಿಯುತ್ತಿದ್ದಳು. ಮೊದಲ ದಿನಗಳಲ್ಲಿ ಆಗಲಿಲ್ಲ. ಕತ್ತಲಲ್ಲೇ ಎಚ್ಚರವಾಗಿ, ಮಾಡಲು ಏನೂ ಸಿಗದೆ, ಇಸಕ್ಕಿಯಮ್ಮನ ಗುಂಡಿ ಡಬ್ಬಿಯ ಗುಂಡಿಗಳನ್ನು ಬಣ್ಣದ ಪ್ರಕಾರ ವಿಂಗಡಿಸಿದಳು.

"ಅತ್ತಿಗೆ," ಎಂದಳು ಒಂದು ಮಧ್ಯಾಹ್ನ, ರವಿಕೆಗೆ ಕೊಕ್ಕೆ ಹಚ್ಚುತ್ತ, "ಆ ಕಥೆಗಳಲ್ಲಿ ಒಬ್ಬ ಗೆಳತಿ ಇರ್ತಾಳಲ್ಲ. ನಾಯಕಿ ಅತ್ರೆ ಅವಳು ಸಮಾಧಾನ ಮಾಡ್ತಾಳೆ, ನಾಯಕ ಬಂದ್ರೆ ಬೈತಾಳೆ, ರಾತ್ರಿ ಹೊತ್ತು ಸುದ್ದಿ ಹೊತ್ಕೊಂಡು ಕಾಡಲ್ಲೆಲ್ಲ ತಿರುಗ್ತಾಳೆ. ಅವಳ ಮನೆ ಪಾತ್ರೆ ಯಾರು ತಿಕ್ಕಿದ್ರು?"

"ಅವಳಿಗೊಂದು ಹೆಸರಾದ್ರೂ ಇಟ್ಟಿದ್ದಾರಾ?"

"ಗೆಳತಿ ಅಂತಲೇ ಕರೀತಾರೆ."

"ಹಂಗಾದ್ರೆ ಅವಳೇ ತಿಕ್ಕಿದ್ದು," ಎಂದಳು ಇಸಕ್ಕಿಯಮ್ಮ.

ಚಿತ್ತಿರೈ ಹುಣ್ಣಿಮೆ ಹತ್ತಿರ ಬಂತು. ಸಭೆಯ ಭಿತ್ತಿಪತ್ರ ಬಸ್ ನಿಲ್ದಾಣದ ಗೋಡೆಗೆ ಅಂಟಿಕೊಂಡಿತು. ಅದರಲ್ಲಿ ಉಪನ್ಯಾಸದ ಹೆಸರಿಗಿಂತ ದಪ್ಪ ಅಕ್ಷರದಲ್ಲಿ, ವಡೆ ಪಾಯಸದ ಉಪಚಾರವುಂಟು ಎಂದಿತ್ತು. ಅದನ್ನು ಓದಿ ಕೂಟದವರಿಗೆ ನಡುಕ ಬಂತು. ಬಾಡಿಗೆಗೆ ಅಡುಗೆಯವರನ್ನು ಕರೆಯೋಣ ಎಂದು ಯಾರೋ ಹೇಳಿದ್ದಕ್ಕೆ ಪುಲವರು ಕೈ ಅಡ್ಡ ಹಿಡಿದರು.

"ಇನ್ನೊಂದು ದಾರಿ ಇದೆ. ನಾನು ಕುದುರೆ ಏರ್ತೀನಿ."

ನಮ್ಮ ಹಳೆಯ ಪ್ರೇಮದಲ್ಲಿ ಬೇರೇನೂ ಉಪಾಯ ಉಳಿಯದ ಗಂಡಸು ಹೀಗೊಂದು ಬೆದರಿಕೆ ಹಾಕುತ್ತಾನೆ. ತಾಳೆಮಟ್ಟೆಗಳನ್ನು ಕಟ್ಟಿ ಕುದುರೆ ಮಾಡಿ, ಮೈಗೆ ಬೂದಿ ಬಳಿದು, ಕೊರಳಿಗೆ ಎಕ್ಕದ ಹೂವಿನ ಮಾಲೆ ಹಾಕಿ, ಕೈಯಲ್ಲಿ ಅವಳ ಚಿತ್ರ ಹಿಡಿದು, ಊರ ಬೀದಿಯಲ್ಲಿ ಅದರ ಮೇಲೆ ಕೂತು ಬರುತ್ತೇನೆ ಎನ್ನುತ್ತಾನೆ. ತಾಳೆಮಟ್ಟೆಯ ಎರಡೂ ಅಂಚು ಗರಗಸ. ಅವನ ತೊಡೆ ಸೀಳುವುದನ್ನು ನೋಡಲಾರದೆ, ಊರ ಬಾಯಿಗೆ ಹೆದರಿ, ಹುಡುಗಿಯ ಮನೆಯವರು ಒಪ್ಪುತ್ತಾರೆ. ಸಾಮಾನ್ಯವಾಗಿ ಬೆದರಿಕೆಯಲ್ಲೇ ಕೆಲಸವಾಗಿಬಿಡುವುದರಿಂದ ಆ ಕುದುರೆ ನಡೆಯುತ್ತದೋ ಇಲ್ಲವೋ ಎಂದು ಯಾರೂ ಪರೀಕ್ಷೆ ಮಾಡಿರಲಿಲ್ಲ.

ಖಾಲಿ ಕಾಫಿ ಲೋಟಗಳನ್ನು ನಡುವೆ ಇಟ್ಟುಕೊಂಡು ಕೂಟ ಚರ್ಚೆಗೆ ಕೂತಿತು. ಮದುವೆಯಾದವನು ಕುದುರೆ ಏರಬಹುದೇ? ಅದು ಮದುವೆಗೆ ಮೊದಲಿನ ಪ್ರೇಮಕ್ಕೆ ಹೇಳಿದ್ದಲ್ಲವೇ? ಪಂಚೆಯ ಒಳಗೆ ಚಡ್ಡಿ ಹಾಕಿಕೊಳ್ಳುವುದು ಸಂಪ್ರದಾಯಕ್ಕೆ ವಿರುದ್ಧವೇ? ಕುದುರೆ ಏರುವುದು ಹೊಂದದ ಪ್ರೇಮದ ಲಕ್ಷಣ, ಹರೆಯ ಕಳೆದ ಮೇಲಿನ ಪ್ರೇಮವೂ ಅದೇ ಲೆಕ್ಕಕ್ಕೆ ಬರುತ್ತದೆ, ಆದ್ದರಿಂದ ಅಯ್ಯಾ ಎರಡು ಕಾರಣಕ್ಕೆ ಅರ್ಹರು ಎಂದು ಶಂಕರಲಿಂಗಂ ತೀರ್ಪು ಕೊಟ್ಟರು.

ಕುದುರೆ ಕಟ್ಟಲು ತಾಳೆಮರ ಹತ್ತುವ ಚೆಲ್ಲಯ್ಯನನ್ನು ಕರೆಸಿದರು.

"ಅಯ್ಯಾ, ಅಂಚು ಸವರಿಬಿಡ್ಲಾ?" ಎಂದ ಚೆಲ್ಲಯ್ಯ.

"ಸವರಿದ್ರೆ ಪ್ರೇಮಕ್ಕೆ ಏನು ಬೆಲೆ?"

"ಹಂಗಾದ್ರೆ ಕೂತ್ಕೊಳೋ ಜಾಗದಲ್ಲಿ ಮಾತ್ರ?"

ಪುಲವರು ಸ್ವಲ್ಪ ಯೋಚಿಸಿದರು. "ಅಲ್ಲಿ ಮಾತ್ರ."

ಚೆಲ್ಲಯ್ಯ ಅಲ್ಲಿ ಸವರಿ, ಮೇಲೊಂದು ಸೈಕಲ್ ಸೀಟಿನ ಕವಚ ಕಟ್ಟಿದ. ಕೆಳಗೆ ಇಸ್ತ್ರಿ ಗಾಡಿಯ ಹಳೆಯ ಗಾಲಿಗಳನ್ನು ಸೇರಿಸಿದ. ಬೂದಿಗೆ ಕಷ್ಟವಾಗಲಿಲ್ಲ, ಹತ್ತಿದ ಪಾತ್ರೆಗಳನ್ನು ತಿಕ್ಕಲು ತಂದಿಟ್ಟದ್ದು ಹಾಗೇ ಇತ್ತು. ತೊಂದರೆ ಬಂದದ್ದು ಚಿತ್ರಕ್ಕೆ. ಕೈಯಲ್ಲಿ ಹಿಡಿಯಲು ಆವುಡೈ ಅಕ್ಕನ ಚಿತ್ರ ಬೇಕಿತ್ತು. ಪುಲವರು ಆಲ್ಬಮ್ಮುಗಳನ್ನೆಲ್ಲ ತೆಗೆದು ಹಜಾರದಲ್ಲಿ ಹರಡಿದರು. ತಾವು ಶಾಲು ಹೊದ್ದು ನಿಂತದ್ದು, ತಾವು ಕಪ್ಪು ಕೋಟಿನ ಯಾರೋ ದೊಡ್ಡವರ ಪಕ್ಕ ನಿಂತದ್ದು, ತಾವು ಊಟಕ್ಕೆ ಕೂತದ್ದು. ಊಟದ ಚಿತ್ರಗಳಲ್ಲಿ ಅಂಚಿನಿಂದ ಒಂದು ಮೊಣಕೈ ಒಳಗೆ ಬಂದಿತ್ತು, ಆ ಕೈಯಲ್ಲಿ ಸೌಟು. ತಮ್ಮ ಮಗಳ ಮದುವೆಯ ಆಲ್ಬಮ್ಮಿನಲ್ಲೂ ಮೊಣಕೈ, ಸೌಟು. ಅವರು ತುಂಬ ಹೊತ್ತು ಹುಡುಕಿದರು. ಕೊನೆಗೆ ಎಲ್ಲದಕ್ಕಿಂತ ಸ್ಪಷ್ಟವಾದ ಒಂದು ಮೊಣಕೈಯನ್ನು ದೊಡ್ಡದು ಮಾಡಿಸಿ ಕಟ್ಟು ಹಾಕಿಸಿದರು.

ಸಭೆಯ ಹಿಂದಿನ ದಿನ ಸಂಜೆ, ಬಿಸಿಲು ಇಳಿಯುತ್ತಿದ್ದಂತೆ ಕುದುರೆ ಹೊರಟಿತು. ಮೈತುಂಬ ಬೂದಿ, ಕೊರಳಲ್ಲಿ ಎಕ್ಕದ ಮಾಲೆ, ಎದೆಗವುಚಿದ ಮೊಣಕೈ ಚಿತ್ರ. ಮುಂದೆ ಹಗ್ಗ ಹಿಡಿದು ಎಳೆಯುತ್ತಿದ್ದವರು ಶಂಕರಲಿಂಗಂ. ಬೀದಿಯ ಜಗಲಿಗಳೆಲ್ಲ ತುಂಬಿದ್ದವು. ಜೆರಾಕ್ಸ್ ಅಂಗಡಿ ಮುಚ್ಚಿತ್ತು. ಕುದುರೆ ಆಚೆಮನೆಯಿಂದ ಈಚೆಮನೆಗೆ ನೇರ ಬಂದಿದ್ದರೆ ರಸ್ತೆ ದಾಟುವಷ್ಟೇ ದೂರ. ಅದು ಸಾಲದೆಂದು ಗುಡಿಯ ತನಕ ಹೋಗಿ ತಿರುಗಿ ಬಂದರು. ಇಸಕ್ಕಿಯಮ್ಮನ ಮನೆಯೆದುರು ಮುಂದಿನ ಗಾಲಿ ಕಳಚಿ ಚರಂಡಿಗೆ ಉರುಳಿತು. ಕುದುರೆ ಮೂತಿ ನೆಲಕ್ಕೂರಿ ನಿಂತಿತು.

ಆವುಡೈ ಅಕ್ಕ ಬಾಗಿಲಿಗೆ ಬಂದಳು.

"ಏನ್ರೀ ಇದು?"

"ಮಳೆ ಕಾಣದ ಕಾಡು ನಾನು," ಎಂದು ಪುಲವರು ಆರಂಭಿಸಿದರು.

"ಮೊದಲು ಇಳೀರಿ."

"ಇಳಿಯೋಕಾಗ್ತಿಲ್ಲ."

"ಯಾಕೆ?"

ಪುಲವರು ದನಿ ತಗ್ಗಿಸಿದರು. "ಪಂಚೆ ಮುಳ್ಳಿಗೆ ಸಿಕ್ಕೊಂಡಿದೆ. ಚೆಲ್ಲಯ್ಯ ಹಿಂದುಗಡೆ ಸವರಿಲ್ಲ."

"ಹಿಂದುಗಡೆ ಅಂತ ನೀವು ಹೇಳ್ಲೇ ಇಲ್ಲ," ಎಂದ ಚೆಲ್ಲಯ್ಯ ಗುಂಪಿನಿಂದ.

ಆವುಡೈ ಅಕ್ಕನಿಗೆ ಆಗ ಅವರ ಕೈಯಲ್ಲಿದ್ದ ಚಿತ್ರ ಕಾಣಿಸಿತು. ಹತ್ತಿರ ಬಂದು ಬಗ್ಗಿ ನೋಡಿದಳು. "ಇದು ನನ್ನ ಕೈ ಅಲ್ವಾ?"

"ಹೂಂ."

"ಮುಖ?"

"ಸಿಗಲಿಲ್ಲ, ಆವುಡೈ. ಎಲ್ಲಾ ಆಲ್ಬಮ್ ಹುಡುಕಿದೆ." ಅದನ್ನು ಹೇಳುವಾಗ ಅವರ ದನಿಯಲ್ಲಿ ಕಾವ್ಯ ಇರಲಿಲ್ಲ. ಬೂದಿಯ ಮೇಲೆ ಒಂದು ಗೆರೆ ಒದ್ದೆಯಾಗಿತ್ತು. ಅದು ಬೆವರಿರಬಹುದು, ಚಿತ್ತಿರೈ ತಿಂಗಳ ಸೆಖೆ. "ನಾಳೆ ನೀನು ಬಂದು ಕೂತ್ಕೋ. ಕುರ್ಚಿ ಹಾಕಿಸ್ತೀನಿ. ನಿನ್ನ ಹೆಸರು ಬರೆದು."

"ವಡೆ?"

ಪುಲವರು ಶಂಕರಲಿಂಗಂ ಅವರನ್ನು ನೋಡಿದರು. ಶಂಕರಲಿಂಗಂ ಆಕಾಶ ನೋಡಿದರು.

"ನಾವೇ ಕರೀತೀವಿ," ಎಂದರು ಪುಲವರು.

ಅಕ್ಕ ಅವರ ಪಂಚೆಯನ್ನು ಮುಳ್ಳಿನಿಂದ ಬಿಡಿಸತೊಡಗಿದಳು. ಅದು ಹರಿಯದಂತೆ ಬಿಡಿಸಬೇಕಾದರೆ ನಿಧಾನ ಬೇಕು. ಬಿಡಿಸುತ್ತಲೇ ಕೇಳಿದಳು. "ಈಗ ಹೇಳಿ, ಅವನು ಬಂದ್ನಾ?"

"ಯಾರು?"

"ಮಳೆಗಾಲಕ್ಕೆ ಬರ್ತೀನಿ ಅಂದೋನು. ಗೆಳತಿ ಹಾದಿ ನೋಡ್ತಾ ನಿಂತಿದ್ಲಲ್ಲ."

ಪುಲವರು ಕಣ್ಣು ಪಿಳುಕಿಸಿದರು. "ಅದು ಅಷ್ಟೇ ಇರೋದು."

"ಅಷ್ಟೇ ಅಂದ್ರೆ?"

"ಪದ್ಯ ಅಲ್ಲಿಗೇ ಮುಗೀತು. ಅವಳು ಕಾಯ್ತಾ ಇರ್ತಾಳೆ. ಬಂದ್ನೋ ಇಲ್ವೋ ಅನ್ನೋದು ಅದರಲ್ಲಿಲ್ಲ."

"ಹಂಗಾದ್ರೆ ಚಟ್ನಿ ತಂದ್ಮೇಲೆ ಏನು ಹೇಳೋರಿದ್ರಿ?"

"ಕಾಯೋದರ ಸೊಬಗಿನ ಬಗ್ಗೆ," ಎಂದರು ಪುಲವರು.

ಆವುಡೈ ಅಕ್ಕ ಪಂಚೆ ಬಿಟ್ಟು ಜಗಲಿಯ ಮೇಲೆ ಕೂತು ನಕ್ಕಳು. ಇಸಕ್ಕಿಯಮ್ಮ ನೀರು ತಂದುಕೊಟ್ಟರೂ ನಗು ನಿಲ್ಲಲಿಲ್ಲ. ಅರ್ಧ ಬಿಡಿಸಿದ ಪಂಚೆಯಲ್ಲಿ ಪುಲವರು ಹಾಗೇ ಕಾಯುತ್ತಿದ್ದರು, ಸೊಬಗೇನೂ ಕಾಣಲಿಲ್ಲ. ಕೊನೆಗೆ ಚೆಲ್ಲಯ್ಯ ಬಂದು ಕತ್ತಿಯಿಂದ ಮಟ್ಟೆಯನ್ನೇ ಕಡಿದು ಇಳಿಸಿದ.

ಮರುದಿನ ಸಂಜೆ ಚಂದ್ರ ಇನ್ನೂ ಹುಟ್ಟುವ ಮೊದಲೇ ಸಭೆ ತುಂಬಿತು. ಮೈಕಿನವನು ಮೈಕಿಗೆ ಉಫ್ ಉಫ್ ಎಂದು ಊದುವುದು ಈಚೆಮನೆಗೆ ಕೇಳುತ್ತಿತ್ತು.

"ನಾನೂ ಬರ್ಲಾ?" ಎಂದಳು ಇಸಕ್ಕಿಯಮ್ಮ.

"ನೀವಿರಿ ಅತ್ತಿಗೆ. ನೀವು ಬಂದ್ರೆ ಕೇಳೋದು ಬಿಟ್ಟು ನಿಮ್ಮ ಮುಖ ನೋಡ್ತಾ ಕೂತ್ಕೋತೀನಿ."

ಅವಳು ಒಬ್ಬಳೇ ಬೀದಿ ದಾಟಿದಳು. ಅಭ್ಯಾಸಬಲ ಎಂದರೆ ಅದು. ಕಾಲು ಮುಂಬಾಗಿಲಿಗೆ ಹೋಗದೆ ಪಕ್ಕದ ಓಣಿಗೆ ತಿರುಗಿ ಹಿತ್ತಿಲ ಬಾಗಿಲಿಗೆ ಬಂತು. ಅಡುಗೆಮನೆಯ ಕಿಟಕಿಯಿಂದ ನೀಲಿ ಹೊಗೆ ಬರುತ್ತಿತ್ತು. ಒಳಗೆ ಶಂಕರಲಿಂಗಂ ಕೆಮ್ಮುತ್ತ ಯಾರಿಗೋ ಹೇಳುತ್ತಿದ್ದರು. "ಎಣ್ಣೆಗೆ ಬಿಟ್ರೆ ಚದುರಿಹೋಗ್ತಿದೆ. ಇನ್ನೊಂಚೂರು ನೀರು ಹಾಕು." ಹಿಟ್ಟು ಆಗಲೇ ನೀರಾಗಿದೆ ಎಂದು ಆ ಸದ್ದಿನಲ್ಲೇ ಗೊತ್ತಾಗುತ್ತಿತ್ತು. ಒಂದು ಹಿಡಿ ಅಕ್ಕಿಹಿಟ್ಟು ಸೇರಿಸಿ ಉರಿ ತಗ್ಗಿಸಿದರೆ ಸಾಕು. ಕಣ್ಣು ಮುಚ್ಚಿ ತೆರೆಯುವಷ್ಟರ ಕೆಲಸ. ಅವಳ ಕೈ ಚಿಲಕದ ಮೇಲಿತ್ತು.

ಹಜಾರದಲ್ಲಿ ಪುಲವರ ದನಿ ಕೇಳಿತು. ಅದು ತಿಂಗಳಿಡೀ ಯಾರೂ ಬಿಸಿನೀರು ಕೊಡದ ಗಂಟಲು. "ಒಂದು ಊರಲ್ಲಿ ಒಬ್ಬಳು ಕಾಯುತ್ತಿದ್ದಳು," ಎಂದು ಅದು ಒರಟಾಗಿ ಆರಂಭವಾಯಿತು.

ಅಕ್ಕ ಚಿಲಕದಿಂದ ಕೈ ತೆಗೆದಳು. ಸೆರಗಿಗೆ ಒರೆಸಿಕೊಂಡಳು, ಕೈಗೆ ಏನೂ ಅಂಟಿರಲಿಲ್ಲ. ಓಣಿಯಲ್ಲಿ ಬಂದ ದಾರಿಯಲ್ಲೇ ಹಿಂದೆ ನಡೆದು ಮುಂಬಾಗಿಲಿಂದ ಒಳಗೆ ಹೋದಳು.

ಕುರ್ಚಿ ಇತ್ತು. ಕೆಂಪು ಪ್ಲಾಸ್ಟಿಕ್ ಕುರ್ಚಿ, ಬೆನ್ನಿಗೆ ಸುಣ್ಣದಲ್ಲಿ ಅವಳ ಹೆಸರು. ಅದನ್ನು ಅಡುಗೆಮನೆಯ ಬಾಗಿಲಿಗೆ ಒತ್ತಿ ಹಾಕಿದ್ದರು, ಕೂತವರು ಕೈ ಚಾಚಿದರೆ ಒಳಗಿನ ಸೌಟು ಸಿಗುವಷ್ಟು ಹತ್ತಿರ.

ಆವುಡೈ ಅಕ್ಕ ಕುರ್ಚಿಯನ್ನು ನೋಡಿದಳು, ಬಾಗಿಲನ್ನು ನೋಡಿದಳು. ಕುರ್ಚಿಯನ್ನು ಎತ್ತಿ ತಲೆಯ ಮೇಲಿಟ್ಟುಕೊಂಡಳು. ಸಾಲುಸಾಲಾಗಿ ಕೂತ ಗಂಡಸರು ಕಾಲು ಮಡಚಿ ದಾರಿ ಬಿಟ್ಟರು, ತೊಲೆಯಿಂದ ಇಳಿಬಿಟ್ಟಿದ್ದ ಮಲ್ಲಿಗೆ ಹಾರಕ್ಕೆ ಕುರ್ಚಿಯ ಕಾಲು ತಗುಲಿ ಅದು ಕೆಳಗೆ ಬಿತ್ತು. ಪುಲವರು ಮಾತು ನಿಲ್ಲಿಸಿ ನೋಡುತ್ತಿದ್ದರು. ಅವಳು ಹಜಾರದ ಈ ತುದಿಯಿಂದ ಆ ತುದಿಗೆ ನಡೆದು, ಬೀದಿಯ ಕಿಟಕಿಯ ಕೆಳಗೆ, ಗಾಳಿ ಬರುವ ಜಾಗದಲ್ಲಿ ಕುರ್ಚಿ ಇಳಿಸಿ ಕೂತಳು.

ಅಡುಗೆಮನೆಯಲ್ಲಿ ಏನೋ ದೊಡ್ಡದು, ಬಾಣಲೆಯೇ ಇರಬೇಕು, ನೆಲಕ್ಕೆ ಬಿತ್ತು. ಸಭೆಯ ತಲೆಗಳೆಲ್ಲ ಮೊದಲು ಆ ಬಾಗಿಲಿನತ್ತ, ಆಮೇಲೆ ಅವಳತ್ತ ತಿರುಗಿದವು.

ಆವುಡೈ ಅಕ್ಕ ಕಾಲಿನ ಮೇಲೆ ಕಾಲು ಹಾಕಿಕೊಂಡಳು.